ಬೆಟ್ಟದ ಮಾರ್ಗದ ಮೊದಲ ಪ್ರತಿ

ಪರಮೇಶ ರೈಲು ಓಡಿಸುತ್ತಿದ್ದ. ರಾಯಚೂರು, ಗದ್ವಾಲದ ನಡುವೆ ಓಡಾಡುವ ಪ್ಯಾಸೆಂಜರ್ ಗಾಡಿಗಳ ಲೋಕೋ ಪೈಲಟ್. ಹುಟ್ಟಿದ್ದು ಮಕ್ತಲದಲ್ಲಿ, ಮನೆ ಮಾಡಿದ್ದು ಗದ್ವಾಲದಲ್ಲಿ. ರಜೆಯ ದಿನ ಜೊತೆಯವರು ಸಿನಿಮಾಕ್ಕೋ ಸಂತೆಗೋ ಹೋದರೆ ಅವನು ಮನೆಯಲ್ಲಿ ಕೂತು ಜಪಾನಿನ ರೈಲಿನ ವಿಡಿಯೊ ನೋಡುತ್ತಿದ್ದ.

ಆ ವಿಡಿಯೊಗಳಲ್ಲಿ ಕತೆಯಿಲ್ಲ. ಡ್ರೈವರನ ಪಕ್ಕದಲ್ಲಿ ಕ್ಯಾಮೆರಾ ನಿಲ್ಲಿಸಿ, ಮೊದಲ ಸ್ಟೇಷನ್ನಿನಿಂದ ಕೊನೆಯ ಸ್ಟೇಷನ್ನಿನವರೆಗೆ ಮುಂದಿನ ಗಾಜಿನಲ್ಲಿ ಕಂಡದ್ದನ್ನೆಲ್ಲ ಹಿಡಿದಿರುತ್ತಾರೆ. ಹಳಿ, ಸುರಂಗ, ಸೇತುವೆ, ಮತ್ತೆ ಹಳಿ. ಜಪಾನಿನ ಸಣ್ಣ ಸಣ್ಣ ಊರಿನ ಕಂಪನಿಗಳು ಮೂವತ್ತು ವರ್ಷದ ಹಿಂದೆ ಇಂಥವನ್ನು ಕ್ಯಾಸೆಟ್ಟಿನಲ್ಲಿ ಮಾಡಿ ಆಯಾ ಸ್ಟೇಷನ್ನಿನ ಅಂಗಡಿಯಲ್ಲೇ ಮಾರುತ್ತಿದ್ದವು. ಆಮೇಲೆ ಜನ ಕಡಿಮೆಯಾಗಿ ಎಷ್ಟೋ ಮಾರ್ಗಗಳು ಮುಚ್ಚಿಹೋದವು, ಹಳಿಯನ್ನೂ ಕಿತ್ತರು. ಉಳಿದದ್ದು ಕ್ಯಾಸೆಟ್ಟು. ಅವನ್ನು ಹುಡುಕುವವರು ಜಗತ್ತಿನ ಮೂಲೆಮೂಲೆಯಲ್ಲಿ ಇದ್ದಾರೆ. ಹುಡುಕುವವರು ಇದ್ದಲ್ಲಿ ನಕಲಿ ಮಾಡುವವರೂ ಇರುತ್ತಾರೆ.

ಅಸಲಿ ಯಾವುದು, ನಕಲಿ ಯಾವುದು ಎಂದು ಹೇಳುವುದು ಪರಮೇಶನಿಗೆ ನಿಧಾನವಾಗಿ ಕೈಹತ್ತಿತ್ತು. ಕಾರ್ಖಾನೆಯಲ್ಲಿ ತುಂಬಿದ ಕ್ಯಾಸೆಟ್ಟಿನ ಬೆನ್ನಲ್ಲಿ ಒಂದು ಸಣ್ಣ ಗುಳಿ ಇರುತ್ತದೆ, ಅಂಚು ನುಣುಪಾಗಿರುತ್ತದೆ. ಖಾಲಿ ಕ್ಯಾಸೆಟ್ಟು ತಂದು ಮನೆಯಲ್ಲಿ ನಕಲು ಮಾಡಿದ್ದಾದರೆ ಅದೇ ಜಾಗದಲ್ಲಿ ಪ್ಲಾಸ್ಟಿಕ್ಕಿನ ಎಸಳು ಮುರಿದ ಗುರುತು ಇರುತ್ತದೆ. ಹೊದಿಕೆಯ ಹಿಂದೆ ಬೆಲೆಯ ಜೊತೆ ತೆರಿಗೆ ಅಚ್ಚಾಗಿರುತ್ತದೆ. ಆ ದೇಶದಲ್ಲಿ ತೆರಿಗೆ ಯಾವಾಗ ಏರಿತು ಎಂದು ಗೊತ್ತಿದ್ದರೆ ಹೊದಿಕೆ ಯಾವ ಕಾಲದ್ದೆಂದು ತಿಳಿಯುತ್ತದೆ. ಪರಮೇಶ ಫೋಟೊ ನೋಡಿ ಬರೆಯುತ್ತಿದ್ದ ಎರಡು ಸಾಲಿನ ಅಭಿಪ್ರಾಯವನ್ನು ಸಂಗ್ರಾಹಕರ ಗುಂಪಿನಲ್ಲಿ ಜನ ನಂಬುತ್ತಿದ್ದರು. ಅವನು ಸ್ವತಃ ರೈಲು ಓಡಿಸುವವನೆಂದು ಅಲ್ಲಿ ಬರೆದಿರಲಿಲ್ಲ.

"ಡ್ಯೂಟ್ಯಾಗೂ ಹಳಿ, ಮನ್ಯಾಗೂ ಹಳಿ. ನಿಮಗ ಬ್ಯಾಸರಾಗಂಗಿಲ್ಲೇನ್ರಿ?" ಎಂದು ಹೆಂಡತಿ ಸ್ರವಂತಿ ನಗುತ್ತಿದ್ದಳು. ಅವಳು ಉಟ್ಕೂರಿನವಳು, ಮದುವೆಗೆ ಮುಂಚೆ ರೈಲು ಹತ್ತಿದ್ದೇ ಕಡಿಮೆ.

ಕಾರ್ತಿಕದ ಒಂದು ಬೆಳಗ್ಗೆ ಕೆ.ಟಿ. ದೊಡ್ಡಿ ಕಡೆಯ ಹೊಲಗಳ ನಡುವೆ ಕುರಿ ದಾಟಿಸುತ್ತಿದ್ದ ಮುದುಕನೊಬ್ಬ ಪರಮೇಶನ ಗಾಡಿಗೆ ಸಿಕ್ಕ. ಕುರಿಗಳೆಲ್ಲ ದಾಟಿದ್ದವು. ಮುದುಕ ಮಾತ್ರ ಹಳಿಗಳ ನಡುವೆ, ಗಾಡಿಗೆ ಬೆನ್ನು ಹಾಕಿ, ದಾರಿಯಲ್ಲಿ ನಡೆದ ಹಾಗೆ ನಡೆದುಹೋಗುತ್ತಿದ್ದ. ಪರಮೇಶ ಹಾರ್ನ್ ಒತ್ತಿದ ಕೈ ತೆಗೆಯಲಿಲ್ಲ. ಬ್ರೇಕ್ ಹಾಕಿದ. ಗಾಡಿ ಅಷ್ಟು ದೂರದಲ್ಲಿ ನಿಲ್ಲುವಂಥದ್ದಲ್ಲ. ಮುದುಕ ತಿರುಗಿ ನೋಡಲಿಲ್ಲ. ಹೆಸರು ಕುರುಮಯ್ಯ ಎಂದು ಆಮೇಲೆ ವಿಚಾರಣೆಯಲ್ಲಿ ಪರಮೇಶನಿಗೆ ಗೊತ್ತಾಯಿತು. ಪರಮೇಶನ ತಪ್ಪೇನೂ ಇಲ್ಲ ಎಂದು ಎಲ್ಲರೂ ಹೇಳಿದರು, ಬರೆದೂ ಕೊಟ್ಟರು.

ಅವನು ಅಳಲಿಲ್ಲ, ಬೆಚ್ಚಿಬೀಳಲಿಲ್ಲ, ನಿದ್ದೆಗೆಡಲಿಲ್ಲ. ಹೊತ್ತಿಗೆ ಸರಿಯಾಗಿ ಉಂಡ. ಸ್ರವಂತಿ ಹಾಕಿದ್ದನ್ನು ಉಂಡ, ಹಾಕದಿದ್ದರೆ ಕೇಳಲಿಲ್ಲ. ರೈಲ್ವೆಯ ಡಾಕ್ಟರು "ಏನನ್ನಿಸುತ್ತೆ?" ಎಂದು ಕೇಳಿದಾಗ "ಏನೂ ಅನಸಂಗಿಲ್ರಿ" ಎಂದ. ಅವರು ಅವನ ಮುಖ ನೋಡಿ, ಮಾತ್ರೆ ಬರೆದು, ರಜೆ ಮುಂದುವರಿಸಿದರು.

ರಜೆಯಲ್ಲಿ ಅವನು ದಿನವಿಡೀ ಜಪಾನಿನ ಹಳಿಗಳ ಮುಂದೆ ಕೂತಿರುತ್ತಿದ್ದ. ಒಂದು ಮುಗಿದರೆ ಇನ್ನೊಂದು. ಮೊದಲು ಒಂದೊಂದು ಸಿಗ್ನಲ್ಲನ್ನೂ ಗುರುತಿಸಿ ಸ್ರವಂತಿಗೆ ತೋರಿಸುತ್ತಿದ್ದವನು ಈಗ ಸುಮ್ಮನೆ ಕೂರುತ್ತಿದ್ದ. ಟಿವಿ ಆರಿಸಿದರೂ ಅದೇ ಕಡೆ ನೋಡುತ್ತಿರುತ್ತಿದ್ದ. ಹೊಸದಾಗಿ ಬಂದ ಪಾರ್ಸೆಲ್ಲೊಂದು ಕಪಾಟಿನ ಮೇಲೆ ಹಾಗೇ ಬಿದ್ದಿತ್ತು, ಬಿಚ್ಚಲಿಲ್ಲ.

ಯುಗಾದಿ ಕಳೆದ ಮೇಲೆ ನಾರಾಯಣಪೇಟೆಯಿಂದ ಚಂದ್ರಕಾಂತ್ ಫೋನು ಮಾಡಿದ. ಪೇಟೆಯಲ್ಲಿ ಅವನದು ಅಪ್ಪನ ಕಾಲದ ಸೀರೆ ಅಂಗಡಿ. ಸುತ್ತಲಿನ ನೇಕಾರರ ಮಾಲು ಅವನ ಕೈಯಿಂದಲೇ ಹೊರಗೆ ಹೋಗುತ್ತದೆ. ಒಂದು ಕಾಲದಲ್ಲಿ ಅದೇ ಅಂಗಡಿಯ ಪಕ್ಕ ವಿಡಿಯೊ ಲೈಬ್ರರಿ ಇಟ್ಟಿದ್ದ. ಲೈಬ್ರರಿ ಮುಚ್ಚಿತು, ಕ್ಯಾಸೆಟ್ಟಿನ ಹುಚ್ಚು ಉಳಿಯಿತು. ಸಂಗ್ರಾಹಕರ ಗುಂಪಿನಲ್ಲಿ ಪರಮೇಶ ಪರಿಚಯವಾಗಿ, ಇಬ್ಬರ ಊರೂ ಒಂದೆರಡು ಬಸ್ಸಿನ ದೂರ ಎಂದು ತಿಳಿದಾಗ ಅವನಿಗೆ ಆದ ಸಂತೋಷ ಅಷ್ಟಿಷ್ಟಲ್ಲ. ಪರಮೇಶ ರೈಲು ಓಡಿಸುವುದೂ, ಕಾರ್ತಿಕದಲ್ಲಿ ನಡೆದದ್ದೂ ಗುಂಪಿನಲ್ಲಿ ಅವನೊಬ್ಬನಿಗೆ ಗೊತ್ತಿತ್ತು.

"ಪರಮೇಶ, ಬೆಟ್ಟದ ಮಾರ್ಗ ಸಿಕ್ಕೈತಿ."

"ಮೊದಲನೇ ಪ್ರತಿ ಏನಣ್ಣಾ?"

"ಕೊಟ್ಟಾಂವ ಹಂಗಂತಾನ. ನನಗ ನಂಬಿಕಿ ಇಲ್ಲ. ಹಾಕಿ ನೋಡೂನಂದ್ರ ನನ್ನ ವಿಸಿಆರ್ ಟೇಪು ನುಂಗಾಕತ್ತೈತಿ. ಇದನ್ನ ಅದರಾಗ ಹಾಕಾಕ ಧೈರ್ಯ ಸಾಲವಲ್ದು."

ಬೆಟ್ಟದ ಮಾರ್ಗ ಎನ್ನುವುದು ಸಂಗ್ರಾಹಕರು ಇಟ್ಟುಕೊಂಡ ಹೆಸರು. ಒಂದೇ ಡಬ್ಬಿಯ ಡೀಸೆಲ್ ಗಾಡಿ ಕಾಡಿನ ನಡುವೆ ಹತ್ತಿಳಿಯುವ ವಿಡಿಯೊ. ಕಂಪನಿ ಅದನ್ನು ಮಾರಾಟಕ್ಕೆ ಬಿಟ್ಟು ಕೆಲವೇ ದಿನಕ್ಕೆ ವಾಪಸು ತರಿಸಿಕೊಂಡು, ನಡುವಿನ ಒಂದು ತುಂಡು ಕತ್ತರಿಸಿ, ಮತ್ತೆ ಬಿಟ್ಟಿತ್ತು. ಎಲ್ಲರ ಹತ್ತಿರ ಇದ್ದದ್ದು ಕತ್ತರಿಸಿದ ಪ್ರತಿ. ಮೊದಲನೆಯದರಲ್ಲಿ ಗಾಡಿ ಕಾಡಿನ ನಡುವೆ ತುರ್ತಾಗಿ ನಿಲ್ಲುತ್ತದೆ ಎಂದು ಯಾರೋ ಬರೆದಿದ್ದರು. ಯಾರೋ ಗಾಡಿಗೆ ಸಿಕ್ಕಿ ಸತ್ತರು, ಅದಕ್ಕೇ ಕತ್ತರಿಸಿದರು ಎಂದು ಇನ್ನೊಬ್ಬರು. ಕತ್ತರಿಸಿದ ಪ್ರತಿಯಲ್ಲಿ ಒಂದು ವಿಚಿತ್ರವಿತ್ತು. ಜಪಾನಿನ ಡ್ರೈವರು ಪ್ರತಿ ಸಿಗ್ನಲ್ಲಿಗೂ ಕೈ ಚಾಚಿ ತೋರಿಸಿ ಬಾಯಿಬಿಟ್ಟು ಕೂಗುತ್ತಾನೆ. ಮುಖ ಕಾಣುವುದಿಲ್ಲ, ಆ ಕೈ ಮಾತ್ರ ಚಿತ್ರದೊಳಗೆ ಬಂದು ಹೋಗುತ್ತದೆ. ಅರ್ಧ ದಾರಿಯವರೆಗೆ ಕೈಗೆ ಬಿಳಿ ಗ್ಲೌಸು ಇರುತ್ತದೆ. ಆಮೇಲೆ ಬರಿಗೈ. ಏಕೆಂದು ಯಾರಿಗೂ ಗೊತ್ತಿರಲಿಲ್ಲ.

ಚಂದ್ರಕಾಂತ್ ಫೋನಿನಲ್ಲೇ ಮುಂದುವರಿಸಿದ. "ಆ ನಿಲ್ಲೂದು ಬರತದಲ್ಲ, ಅದನ್ನ ನೀ ನೋಡೂದು ಬ್ಯಾಡ ತಮ್ಮಾ. ಮಷೀನ್ ತಂದು ಹಚ್ಚಿಕೊಡು, ನಾ ನೋಡಿ ಹೇಳತೀನಿ. ಹೊದಿಕಿ, ಡಬ್ಬಿ ಅಷ್ಟು ನೀ ನೋಡು, ಸಾಕು."

"ನೋಡಲಾರದ ಅಸಲಿ ಅಂತ ಹೆಂಗ ಬರೀಲಣ್ಣಾ? ಬರತೀನಿ" ಎಂದ ಪರಮೇಶ.

ಜಪಾನಿನ ಟೇಪು ನಮ್ಮ ಕಡೆಯ ಹಳೆಯ ಯಂತ್ರಗಳಲ್ಲಿ ಸರಿಯಾಗಿ ಓಡುವುದಿಲ್ಲ. ಪರಮೇಶನಲ್ಲಿ ಎರಡೂ ಬಗೆಯದನ್ನು ಓಡಿಸುವ ವಿಸಿಆರ್ ಇತ್ತು. ಸ್ರವಂತಿ ಅದನ್ನು ಹಳೆಯ ದುಪ್ಪಡಿಯಲ್ಲಿ ಸುತ್ತಿ ಚೀಲಕ್ಕೆ ಹಾಕಿದಳು. ತಾನೂ ಬರುತ್ತೇನೆಂದಳು. ಅವನು ಬೇಡವೆನ್ನಲಿಲ್ಲ, ಬಾ ಎಂದೂ ಅನ್ನಲಿಲ್ಲ. ಜೂರಾಲ ಡ್ಯಾಮಿನ ಮೇಲೆ ಹೋಗುವ ಬಸ್ಸು ಹಿಡಿದು, ಮಕ್ತಲದಲ್ಲಿ ಬಸ್ಸು ಬದಲಿಸಿ, ಮಧ್ಯಾಹ್ನದ ಊಟದ ಹೊತ್ತಿಗೆ ನಾರಾಯಣಪೇಟೆ ಮುಟ್ಟಿದರು. ದಾರಿಯುದ್ದಕ್ಕೂ ಚೀಲ ಅವನ ತೊಡೆಯ ಮೇಲಿತ್ತು.

ಚಂದ್ರಕಾಂತನ ಹೆಂಡತಿ ಶಂಕರಮ್ಮ ಜೋಳದ ರೊಟ್ಟಿ, ಪುಂಡಿಪಲ್ಯ ಮಾಡಿದ್ದಳು. ಪರಮೇಶ ಉಂಡು, ಕೈ ತೊಳೆದು, ಮಾಳಿಗೆಯ ಕೋಣೆಗೆ ಹೋದ. ಪಕ್ಕದ ಮನೆಯ ಮಗ್ಗದ ಸದ್ದು ಗೋಡೆ ದಾಟಿ ಬರುತ್ತಿತ್ತು.

ಕ್ಯಾಸೆಟ್ಟಿನ ಹೊದಿಕೆಯ ಬಣ್ಣ ಬೆನ್ನಿನ ಕಡೆ ಮಾಸಿತ್ತು. ಪರಮೇಶ ಅದನ್ನು ಕಿಟಕಿಗೆ ಹಿಡಿದು ಭೂತಗನ್ನಡಿಯಲ್ಲಿ ಅಚ್ಚಿನ ಚುಕ್ಕೆ ನೋಡಿದ. ತೆರಿಗೆ ಹಳೆಯ ದರದ್ದು. ಕ್ಯಾಸೆಟ್ಟು ತೆಗೆದು ಬೆನ್ನಿನ ಗುಳಿಯ ಮೇಲೆ ಬೆರಳಾಡಿಸಿದ. ನುಣುಪಾಗಿತ್ತು. ಲೇಬಲ್ಲಿನ ಮೂಲೆ ಒಂದಿಷ್ಟೂ ಎದ್ದಿರಲಿಲ್ಲ.

"ಡಬ್ಬಿ ಬರೋಬರಿ ಐತಣ್ಣಾ. ಆದ್ರ ಡಬ್ಬಿ ಅಸಲಿ ಇದ್ದು ಒಳಗ ಬ್ಯಾರೆ ಟೇಪು ಸುತ್ತಿದ್ದೂ ನೋಡೀನಿ."

"ಹಂಗಾರ ಹಾಕು" ಎಂದ ಚಂದ್ರಕಾಂತ್. ಆಮೇಲೆ, "ನೀ ಕೆಳಗ ಹೋಗಿ ಚಾ ಕುಡಕೊಂತ ಕುಂದರು" ಎಂದ. ಪರಮೇಶ ಯಂತ್ರಕ್ಕೆ ವೈರು ಚುಚ್ಚಿದ.

ಕೆಳಗೆ ಅಡುಗೆಮನೆಯಲ್ಲಿ ಶಂಕರಮ್ಮ ಸ್ರವಂತಿಗೆ ಹೇಳಿದಳು: "ಆ ವಿಡಿಯೋದಾಗ ಯಾರೋ ಗಾಡಿಗಿ ಸಿಗತಾರಂತವ್ವ. ನಮ್ಮವರಿಗಿ ನಾ ಬ್ಯಾಡ ಅಂದೆ, ಕೇಳಲಿಲ್ಲ." ಸ್ರವಂತಿ ಕೈಲಿದ್ದ ಲೋಟ ಕೆಳಗಿಟ್ಟು ಮೆಟ್ಟಿಲು ಹತ್ತಿದಳು. ಅವಳು ಬಂದು ಪಕ್ಕದಲ್ಲಿ ಕೂತಾಗ ಪರದೆಯ ಮೇಲೆ ಗಾಡಿ ಹೊರಟಾಗಿತ್ತು.

ಶರತ್ಕಾಲದ ಕಾಡು. ಎಲೆಗಳು ಕೆಂಪಾಗಿದ್ದವು. ಹಳಿ ಒದ್ದೆಯಾಗಿತ್ತು. ಸಿಗ್ನಲ್ಲು ಬಂದಾಗ ಬಿಳಿ ಗ್ಲೌಸಿನ ಕೈ ಒಳಬಂದು ತೋರಿಸುತ್ತಿತ್ತು, ಡ್ರೈವರು ಏನೋ ಕೂಗುತ್ತಿದ್ದ. ಎಳೆಯ ದನಿ. ಸುರಂಗ ಬಂತು, ಸೇತುವೆ ಬಂತು, ಸಣ್ಣ ಸ್ಟೇಷನ್ನಿನಲ್ಲಿ ಯಾರೂ ಹತ್ತಲಿಲ್ಲ, ಯಾರೂ ಇಳಿಯಲಿಲ್ಲ.

ಒಂದು ತಿರುವಿನಲ್ಲಿ ಹಾರ್ನ್ ಉದ್ದಕ್ಕೆ ಕೂಗಿತು. ಗಾಲಿಗಳು ಕಿರುಚಿದವು. ಹಳಿಯ ನಡುವೆ ಜಿಂಕೆಯೊಂದು ನಿಂತಿತ್ತು. ಅದು ಗಾಡಿಯ ಕಡೆಗೇ ಮುಖ ಮಾಡಿ ನಿಂತಿತ್ತು, ಕದಲಲಿಲ್ಲ. ಚಿತ್ರ ಒಮ್ಮೆ ಅಲುಗಿತು. ಗಾಡಿ ನಿಂತಿತು.

"ಜಿಂಕಿ" ಎಂದ ಚಂದ್ರಕಾಂತ್. "ಬರೀ ಜಿಂಕಿ ಅದು."

ಪರದೆಯ ಮೇಲೆ ಡ್ರೈವರು ಕೆಳಗಿಳಿದು ಹಳಿಯ ಮುಂದೆ ಬಂದ. ಮೊದಲ ಸಲ ಅವನ ಬೆನ್ನು ಕಂಡಿತು. ತೆಳ್ಳಗಿನ ಹುಡುಗ, ಟೋಪಿ ಹಾಕಿದ್ದ. ಬಾಗಿ, ಜಿಂಕೆಯ ಹಿಂಗಾಲು ಹಿಡಿದು ಎಳೆದ. ಅದು ಭಾರವಿತ್ತು, ಎರಡು ಸಲ ಜಾರಿತು. ಹಳಿಯಾಚೆ ಹುಲ್ಲಿನಲ್ಲಿ ಮಲಗಿಸಿ, ಗ್ಲೌಸು ಬಿಚ್ಚಿ, ಒಳಹೊರಗು ಮಾಡಿ ಮಡಿಸಿ ಜೇಬಿಗಿಟ್ಟ. ಟೋಪಿ ತೆಗೆದು ಅದರ ಮುಂದೆ ತಲೆಬಾಗಿ ಒಂದು ಗಳಿಗೆ ನಿಂತ. ವಾಪಸು ಹತ್ತಿ ಫೋನಿನಲ್ಲಿ ಮಾತಾಡಿದ. ಗಾಡಿ ಹೊರಟಿತು.

ಮುಂದಿನ ಸಿಗ್ನಲ್ಲು ಬಂತು. ಬರಿಗೈ ಚಾಚಿತು. ದನಿ ಕೂಗಿತು.

ಪರಮೇಶ ಎದ್ದು ಟೇಪು ನಿಲ್ಲಿಸಿ, ಹಿಂದಕ್ಕೆ ಓಡಿಸಿದ. ನಿಲ್ಲುವುದಕ್ಕೆ ಮುಂಚಿನ ಸಿಗ್ನಲ್ಲಿನ ಕೂಗು ಕೇಳಿದ. ಮುಂದಕ್ಕೆ ಓಡಿಸಿ ಆಮೇಲಿನ ಕೂಗು ಕೇಳಿದ. ಮತ್ತೆ ಹಿಂದಕ್ಕೆ ಓಡಿಸಿದ.

"ಎರಡು ಟೇಪು ಜೋಡಿಸ್ಯಾರಂತ ನೋಡಾಕತ್ತೀ ಏನು?" ಚಂದ್ರಕಾಂತ್ ಕೇಳಿದ.

"ಅಲ್ಲಣ್ಣಾ. ದನಿ ನೋಡು. ಮೊದಲೂ ಅದಾ ದನಿ. ಆಮ್ಯಾಲೂ ಅದಾ."

"ಹೂಂ, ಅದಕ್ಕೇನೀಗ?"

ಪರಮೇಶ ನೆಲ ನೋಡುತ್ತ ಹೇಳಿದ. ಅವನ ಮಾತಿನಲ್ಲಿ ಏರಿಳಿತವೇ ಇರಲಿಲ್ಲ.

"ಆ ದಿನ ಗಾಡಿ ನಿಂತ ಮ್ಯಾಲ ಗಾರ್ಡ್ ಬಂದ. ಹೊಲದಾಗಿನ ಮಂದಿ ಬಂದ್ರು. ಅವರು ಮುದುಕನ್ನ ಬಾಜೂಕ ತಂದ್ರು, ಬಟ್ಟಿ ಹೊಚ್ಚಿದ್ರು. ಗಾಡಿ ಬಿಡಾಕ ಹೇಳಿದ್ರು, ಬಿಟ್ಟೆ. ಮುಂದ ಸಿಗ್ನಲ್ ಬಂತು. ನಾವೂ ಕೈ ಮಾಡಿ ಕೂಗಬೇಕಲ್ಲಣ್ಣಾ, ಇಬ್ಬರೂ. ನನ್ನ ಅಸಿಸ್ಟೆಂಟ್ ಪ್ರವೀಣ್ ಕುಮಾರಗ ದನೀನ ಬರಲಿಲ್ಲ. ಬಾಯಿ ತೆರದಾ, ಬರಲಿಲ್ಲ. ನನಗ ಬಂತು. ಹಸಿರು ಅಂದೆ. ದಿನಾ ಅಂದಂಗ ಅಂದೆ."

ಸ್ರವಂತಿ ಅವನ ಕಡೆ ನೋಡಿದಳು. ಇಷ್ಟು ತಿಂಗಳಲ್ಲಿ ಅವನು ಆ ದಿನದ ಬಗ್ಗೆ ಇಷ್ಟು ಮಾತಾಡಿರಲಿಲ್ಲ.

"ಅವಾಗ ಅಂದುಕೊಂಡೆ, ಈಗ ಏನೂ ಆಗವಲ್ದು, ಮನಿಗಿ ಹ್ವಾದ ಮ್ಯಾಲ ಆಗತೈತಿ ಅಂತ. ಮನಿಗಿ ಬಂದೆ. ಆಗಲಿಲ್ಲ. ಇನ್ನೂ ಆಗಿಲ್ಲ. ದಿನಾ ಕಾಯಾಕತ್ತೀನಿ."

ಪಕ್ಕದ ಮನೆಯಲ್ಲಿ ಎಳೆ ಕಡಿದಿರಬೇಕು, ಮಗ್ಗ ನಿಂತಿತ್ತು. ಸ್ರವಂತಿ ಹೇಳಿದಳು:

"ಗಾಡಿ ತುಂಬ ಮಂದಿ ಇದ್ರಲ್ರೀ. ಅವರನ್ನ ಮುಟ್ಟಸಬೇಕಿತ್ತಲ್ಲ."

"ಹೂಂ" ಎಂದ ಪರಮೇಶ. "ಮುಟ್ಟಿಸಿದೆ."

ಟೇಪಿನ ಉಳಿದ ಭಾಗವನ್ನೂ ಅವನು ಕೊನೆಯ ಸ್ಟೇಷನ್ನಿನವರೆಗೆ ನೋಡಿದ. ಎಲ್ಲೂ ಜೋಡಣೆಯ ಗುರುತಿರಲಿಲ್ಲ. ಮುಗಿದ ಮೇಲೆ ಚಂದ್ರಕಾಂತನಿಗೆ "ಅಸಲಿ ಐತಣ್ಣಾ. ಮೊದಲನೇದಾ" ಎಂದು ಹೇಳಿ, ಗುಂಪಿಗೆ ಹಾಕಲು ಫೋನಿನಲ್ಲೇ ಅಭಿಪ್ರಾಯ ಬರೆದ. ಹೊದಿಕೆ, ಡಬ್ಬಿ, ಟೇಪು ಮೂರೂ ಮೂಲದ್ದು. ಕತ್ತರಿಸಿದ ತುಂಡು ಇದರಲ್ಲಿ ಇದೆ. ಅಷ್ಟೇ.

"ಜಿಂಕಿ ಸುದ್ದಿ ಬರೆಯಂಗಿಲ್ಲೇನು?" ಚಂದ್ರಕಾಂತ್ ಕೇಳಿದ. "ಎಲ್ಲಾರೂ ಅದನ್ನಾ ಕೇಳತಾರ. ಗ್ಲೌಸು ಯಾಕ ಬಿಚ್ಚಿದ ಅಂತ ಎಷ್ಟು ವರ್ಷದಿಂದ ಬಡಕೊಳ್ಳಾಕತ್ತಾರ."

"ಆ ಹುಡುಗ ಇನ್ನೂ ಇದ್ದಾನು. ಬ್ಯಾಡ ಅಂತ ಅವರ ಕಂಪನಿ ತಗದೈತಿ. ಇರಲಿ ಬಿಡಣ್ಣಾ."

ಚಂದ್ರಕಾಂತ್ ಯೋಚಿಸಿ ತಲೆಯಾಡಿಸಿದ. ಇಂಥದ್ದೊಂದು ಸಿಕ್ಕಾಗ ಊರಿಗೆಲ್ಲ ಸಾರಬೇಕೆನ್ನುವ ಸ್ವಭಾವ ಅವನದು. ಆದರೂ ಕ್ಯಾಸೆಟ್ಟನ್ನು ಹೊದಿಕೆಗೆ ಹಾಕಿ, ಜರಿ ಸೀರೆಗಳಿಡುವ ಕಪಾಟಿನಲ್ಲಿ ಒಳಗೆ ಸರಿಸಿ ಬೀಗ ಹಾಕಿದ. ಮುಂದೆ ಅದನ್ನು ಬಹಳ ಜನ ಕೇಳಿದರು. ಅವನು ಮಾರಲಿಲ್ಲ, ನಕಲೂ ಕೊಡಲಿಲ್ಲ.

ವಾಪಸು ಬರುವಾಗ ಮಕ್ತಲದಲ್ಲಿ ಗದ್ವಾಲದ ಬಸ್ಸು ತಡವಿತ್ತು. ಬಿಸಿಲು ಇಳಿದಿತ್ತು. ಇಬ್ಬರೂ ಬಸ್‌ಸ್ಟ್ಯಾಂಡಿನ ಕಲ್ಲುಬೆಂಚಿನ ಮೇಲೆ, ನಡುವೆ ಚೀಲ ಇಟ್ಟುಕೊಂಡು ಕೂತಿದ್ದರು. ಸ್ರವಂತಿ ಸೆರಗಿನ ತುದಿ ಬೆರಳಿಗೆ ಸುತ್ತುತ್ತ ಹೇಳಿದಳು:

"ನಾ ಒಂದು ಹೇಳಿಲ್ಲ ನಿಮಗ. ಸಂಕ್ರಾಂತಿ ಮುಂದ ಅವ್ವನ ಮನಿಗಿ ಹೋಗತೀನಂತ ಹ್ವಾದೆನಲ್ಲ, ಉಟ್ಕೂರಿಗಿ ಹೋಗಿದ್ದಿಲ್ಲ. ಆ ಮುದುಕನ ಊರಿಗಿ ಹೋಗಿದ್ದೆ."

ಪರಮೇಶ ತಿರುಗಿದ.

"ಅವನ ಹೆಂಡತಿ ಎಂಕಮ್ಮ ಅಂತ. ನಾ ಯಾರಂತ ಹೇಳಿದ ಮ್ಯಾಲೂ ಕುಂದರು ಅಂದ್ಳು. ಕುರಿ ಹಾಲಿನ ಚಾ ಕೊಟ್ಳು. ನಿಮ್ಮ ಮ್ಯಾಲ ಸಿಟ್ಟಿಲ್ಲಂತ. ಅವಂಗ ಕಿವಿ ಕೇಳ್ತಿದ್ದಿಲ್ಲಂತ್ರಿ."

"ಯಾರಿಗಿ?"

"ಕುರುಮಯ್ಯಗ. ಎಷ್ಟೋ ವರ್ಷ ಆತಂತ, ಎರಡೂ ಕಿವಿ. ಹಳಿ ಕಡಿ ಹೋಗಬ್ಯಾಡ ಅಂತ ದಿನಾ ಹೇಳ್ತಿದ್ಳಂತ. ಗಾಡಿಯಾಂವ ಬಾಳ ಹೊತ್ತು ಕೂಗಿಸಿದ್ನಂತವ್ವ, ಊರಿನ ಮಂದೀಗೆಲ್ಲ ಕೇಳಿಸ್ತು, ಅವಂಗ ಒಬ್ಬಗ ಕೇಳಲಿಲ್ಲ ಅಂದ್ಳು."

ವಿಚಾರಣೆಯಲ್ಲಿ ಇದನ್ನು ಯಾರೂ ಪರಮೇಶನಿಗೆ ಹೇಳಿರಲಿಲ್ಲ, ಅವನೂ ಕೇಳಿರಲಿಲ್ಲ. ಮುದುಕನಿಗೆ ಹಾರ್ನ್ ಕೇಳಿಸಿತ್ತು, ಕೇಳಿಸಿಯೂ ತಿರುಗಲಿಲ್ಲ ಎಂದೇ ಅವನು ತಿಳಿದಿದ್ದ. ಬೇಕೆಂದೇ ತನ್ನ ಗಾಡಿಯನ್ನು ಆರಿಸಿಕೊಂಡ ಒಬ್ಬ ಮನುಷ್ಯನ ಬೆನ್ನು ಇಷ್ಟು ದಿನ ಅವನ ಕಣ್ಣ ಮುಂದಿತ್ತು. ಈಗ ಅದು ಕುರಿಗಳ ಹಿಂದೆ ಮೇವಿನ ಕಡೆ ಹೊರಟ ಒಬ್ಬ ಕಿವುಡ ಮುದುಕನ ಬೆನ್ನಾಯಿತು. ಎದೆಯಲ್ಲಿ ಏನಾದರೂ ಆಗುತ್ತದೆಯೇ ಎಂದು ನೋಡಿಕೊಂಡ. ಅಂಥದ್ದೇನೂ ಆಗಲಿಲ್ಲ.

"ಮೊದಲಾ ಯಾಕ ಹೇಳಲಿಲ್ಲ?"

"ನೀವು ಕೇಳೂ ಹಂಗ ಇದ್ದಿದ್ದಿಲ್ಲ."

ಬಸ್ಸು ಬಂತು. ಸ್ರವಂತಿ ಚೀಲಕ್ಕೆ ಕೈ ಹಾಕಿದಳು. "ಇರಲಿ, ನಾ ತಗೋತೀನಿ" ಎಂದು ಅವನೇ ಎತ್ತಿಕೊಂಡ.

ಮುಂದಿನ ತಪಾಸಣೆಯಲ್ಲಿ ಡಾಕ್ಟರು ಮತ್ತೆ ಕೇಳಿದಾಗ ಅವನು ನೆಟ್ಟಗೆ ಹೇಳಿದ: "ಗಾಡಿ ಓಡಿಸಾಕ ನನ್ನ ಕೈಲೆ ಆಗತೈತ್ರಿ. ಆದ್ರ ಓಡಸಂಗಿಲ್ಲ. ಇನ್ನೊಬ್ಬ ಸಿಕ್ರೂ ದಿನಾ ಅಂದಂಗ ಹಸಿರು ಅಂತೀನಿ, ಅದು ಬ್ಯಾಡ್ರಿ." ಕಾಗದಪತ್ರ ಅಲ್ಲಿಂದಿಲ್ಲಿಗೆ ಓಡಾಡಲು ಸಮಯ ಹಿಡಿಯಿತು. ಮಳೆಗಾಲ ಶುರುವಾಗುವ ಹೊತ್ತಿಗೆ ರಾಯಚೂರಿನಲ್ಲಿ ಡ್ರೈವರುಗಳು ಡ್ಯೂಟಿಗೆ ಹಾಜರಿ ಹಾಕುವ ಕೋಣೆಯಲ್ಲಿ ಅವನಿಗೆ ಕುರ್ಚಿ ಕೊಟ್ಟರು. ಬಂದವರು ಕುಡಿದಿಲ್ಲವೆಂದು ಉಸಿರು ಪರೀಕ್ಷಿಸುವುದು, ಸಹಿ ತೆಗೆದುಕೊಳ್ಳುವುದು, ಯಾವ ಗಾಡಿ ಯಾರಿಗೆ ಎಂದು ಹೇಳುವುದು. ಪಗಾರದಲ್ಲಿ ಕೆಲವು ಭತ್ಯೆ ಹೋದವು. ಸ್ರವಂತಿ ಅದರ ಮಾತೆತ್ತಲಿಲ್ಲ. ಗದ್ವಾಲದಿಂದ ದಿನಾ ಅದೇ ಪ್ಯಾಸೆಂಜರ್ ಗಾಡಿಯಲ್ಲಿ, ಎಲ್ಲರ ಜೊತೆ ಕೂತು ಅವನು ಕೆಲಸಕ್ಕೆ ಹೋಗಿಬರತೊಡಗಿದ. ಮೊದಲ ದಿನ ಮುದುಕ ಸಿಕ್ಕ ಜಾಗ ದಾಟಿದ್ದು ಅವನಿಗೆ ತಿಳಿಯಲೇ ಇಲ್ಲ. ಎದುರು ಸೀಟಿನಲ್ಲಿ ಯಾರೋ ನೇರಳೆ ಹಣ್ಣಿನ ಬುಟ್ಟಿ ಇಟ್ಟಿದ್ದರು, ಅದರ ಮೇಲೇ ಅವನ ಕಣ್ಣಿತ್ತು.

ಒಂದು ಬೆಳಗ್ಗೆ ಪ್ರವೀಣ್ ಕುಮಾರ್ ಡ್ಯೂಟಿಗೆ ಬಂದ. ಆ ದಿನದ ಮೇಲೆ ಇಬ್ಬರೂ ಎದುರಾದದ್ದು ಅದೇ ಮೊದಲು. ಹುಡುಗ ಸೊರಗಿದ್ದ. ಯಂತ್ರಕ್ಕೆ ಉಸಿರು ಊದಿ, ಸಹಿ ಮಾಡಿ, ಪೆನ್ನು ಕೆಳಗಿಡದೆ ನಿಂತ.

"ಸರ್, ಆ ಜಾಗ ಬಂದ್ರ ನನಗ ಇನ್ನೂ ಕಣ್ಣು ಮುಚ್ಚತಾವ್ರಿ" ಎಂದ ಮೆಲ್ಲಗೆ. "ಯಾಕ ತಿರುಗಿ ನೋಡಲಿಲ್ಲ ಅವ? ಒಂದು ಸಲ ತಿರುಗಿದ್ರ ಸಾಕಿತ್ತು."

ಪರಮೇಶ ಪಕ್ಕದ ಸ್ಟೂಲು ಎಳೆದು ಅವನ ಕಡೆ ಸರಿಸಿದ.

"ಕುಂದರು. ಇನ್ನೂ ಟೈಮ್ ಐತಿ. ಅವಂಗ ಕಿವಿ ಕೇಳ್ತಿದ್ದಿಲ್ಲಪ್ಪ. ನಾವು ಕೂಗಿಸಿದ್ದು ಅವಂಗ ಮುಟ್ಟಲೇ ಇಲ್ಲ."

ಪ್ರವೀಣ್ ಕುಮಾರ್ ಸ್ಟೂಲಿನ ಮೇಲೆ ಕೂತ. ಪೆನ್ನನ್ನು ಮೇಜಿನ ಮೇಲಿಟ್ಟ. ಮೂಗೊರೆಸಿಕೊಂಡ. ಪರಮೇಶ ಮೇಜಿನ ಮೇಲಿದ್ದ ತನ್ನ ನೀರಿನ ಬಾಟಲಿ ಅವನ ಮುಂದಿಟ್ಟ. ಹುಡುಗ ಕುಡಿದು ಎದ್ದ.

"ಬರತೀನ್ರಿ ಸರ್."

"ಹೋಗಿ ಬಾ" ಎಂದ ಪರಮೇಶ. ಬಾಗಿಲಲ್ಲಿ ಇನ್ನಿಬ್ಬರು ಡ್ರೈವರುಗಳು ಬ್ಯಾಗು ಹಿಡಿದು ಕಾಯುತ್ತಿದ್ದರು. ಅವನು ಅವರನ್ನು ಒಳಗೆ ಕರೆದ.